ಲ್ಯಾಕ್ಸ್‌ಟನ್ನಿನ ಬೇಲಿಯಿಲ್ಲದ ಹೊಲಗಳು, ಗೂಟ ಹೊಡೆಯುವ ಪಂಚರು

ಇಂಗ್ಲೆಂಡಿನ ಹಳ್ಳಿ ನೋಡಬೇಕೆಂದು ಬರುವ ನಮ್ಮವರಲ್ಲಿ ಹೆಚ್ಚಿನವರು ಕಾಟ್ಸ್‌ವೋಲ್ಡ್ಸ್ ಕಡೆಗೇ ಹೋಗುತ್ತಾರೆ. ಜೇನುಬಣ್ಣದ ಕಲ್ಲಿನ ಮನೆಗಳ ಮುಂದೆ ನಿಂತು ಫೋಟೊ ತೆಗೆಸಿಕೊಳ್ಳುತ್ತಾರೆ. ಅದರಲ್ಲಿ ತಪ್ಪೇನೂ ಇಲ್ಲ. ಆದರೆ ಇಂಗ್ಲೆಂಡಿನ ಹಳ್ಳಿಯೊಂದು ಶತಮಾನಗಳ ಕಾಲ ಹೇಗೆ ಬದುಕಿತು, ಯಾರ ಹೊಲ ಎಲ್ಲಿತ್ತು, ಬದುವಿನ ಜಗಳ ಬಂದಾಗ ಯಾರು ತೀರ್ಮಾನ ಹೇಳುತ್ತಿದ್ದರು ಎಂದು ತಿಳಿಯುವ ಆಸೆಯಿದ್ದವರಿಗೆ ನಾನು ಹೇಳುವುದು ನಾಟಿಂಗ್‌ಹ್ಯಾಮ್‌ಶೈರ್‌ನ ಲ್ಯಾಕ್ಸ್‌ಟನ್ ಎಂಬ ಊರಿನ ಹೆಸರನ್ನು. ಆ ಊರನ್ನು ಬಹಳ ಮಂದಿ ‘ಜೀವಂತ ವಸ್ತುಸಂಗ್ರಹಾಲಯ’ ಎಂದು ಕರೆಯುತ್ತಾರೆ. ನನಗೆ ಅದು ಒಪ್ಪಿಗೆಯಿಲ್ಲ, ಏಕೆಂದರೆ ಅಲ್ಲಿ ಉಳಿದುಬಂದಿರುವುದು ನೋಟಕ್ಕಿಟ್ಟ ವಸ್ತುವಲ್ಲ, ವರ್ಷವರ್ಷವೂ ನಡೆಯುತ್ತಿರುವ ಒಂದು ಆಡಳಿತ.

ಮೊದಲ ನೋಟಕ್ಕೆ ಊರಿನಲ್ಲಿ ವಿಶೇಷವೇನೂ ಕಾಣುವುದಿಲ್ಲ. ಕೆಂಪು ಇಟ್ಟಿಗೆಯ ಮನೆಗಳು, ಕಿರಿದಾದ ಪಕ್ಕವನ್ನು ರಸ್ತೆಗೆ ಕೊಟ್ಟು ನಿಂತ ಕೊಟ್ಟಿಗೆಗಳು, ಸೇಂಟ್ ಮೈಕೆಲ್ ಚರ್ಚು, ಡವ್‌ಕೋಟ್ ಇನ್ ಎಂಬ ಪಬ್ಬು, ಉತ್ತರದ ಅಂಚಿನಲ್ಲಿ ನಾರ್ಮನ್ನರ ಕಾಲದ ಕೋಟೆಯ ಮಣ್ಣುದಿಬ್ಬ. ಗಮನಿಸಿ ನೋಡಿದರೆ ಒಂದು ಸಂಗತಿ ಹೊಳೆಯುತ್ತದೆ. ಇಂಗ್ಲೆಂಡಿನ ಎಷ್ಟೋ ಕಡೆ ರೈತನ ಮನೆ ಊರಿನಿಂದ ದೂರದಲ್ಲಿ, ಅವನ ಹೊಲಗಳ ನಡುವೆ ಒಂಟಿಯಾಗಿರುತ್ತದೆ. ಇಲ್ಲಿ ರೈತರ ಮನೆಗಳು ಬೀದಿಯಲ್ಲೇ ಸಾಲಾಗಿವೆ. ಕಾರಣ ಸರಳವಾಗಿದೆ: ಯಾರ ಹೊಲವೂ ಒಂದೇ ಕಡೆ ಇಲ್ಲದಿರುವಾಗ ಊರಿನ ನಡುವೆ ಇರುವುದೇ ಎಲ್ಲರಿಗೂ ಅನುಕೂಲ. ಊರಿನ ಸುತ್ತ ವೆಸ್ಟ್ ಫೀಲ್ಡ್, ಮಿಲ್ ಫೀಲ್ಡ್, ಸೌತ್ ಫೀಲ್ಡ್ ಎಂಬ ಮೂರು ದೊಡ್ಡ ಬಯಲುಗಳಿವೆ. ಅವುಗಳ ಒಳಗೆ ಬೇಲಿಯಿಲ್ಲ. ಬಯಲೆಲ್ಲ ಉದ್ದುದ್ದ ಪಟ್ಟಿಗಳಾಗಿ ಹಂಚಿಕೊಂಡಿದ್ದು, ಒಬ್ಬೊಬ್ಬ ರೈತನ ಪಟ್ಟಿಗಳು ಮೂರೂ ಬಯಲುಗಳಲ್ಲಿ ಚದುರಿಹೋಗಿವೆ. ಒಂದು ಬಯಲಿನಲ್ಲಿ ಚಳಿಗಾಲಕ್ಕೆ ಮುಂಚೆ ಬಿತ್ತುವ ಗೋಧಿ, ಇನ್ನೊಂದರಲ್ಲಿ ವಸಂತದಲ್ಲಿ ಬಿತ್ತುವ ಬೆಳೆ, ಮೂರನೆಯದು ಬೀಳು. ಮರುವರ್ಷ ಸರದಿ ಬದಲಾಗುತ್ತದೆ. ತನ್ನ ಪಟ್ಟಿಯಲ್ಲಿ ತನಗೆ ತೋಚಿದ್ದನ್ನು ಬೆಳೆಯುವ ಸ್ವಾತಂತ್ರ್ಯ ರೈತನಿಗಿಲ್ಲ, ಬಯಲಿಗೆ ಬಂದ ಸರದಿಯನ್ನು ಅವನೂ ಪಾಲಿಸಬೇಕು. ಮಧ್ಯಯುಗದಲ್ಲಿ ಇಂಗ್ಲೆಂಡಿನ ನಡುನಾಡಿನ ಬಹುಪಾಲು ಹಳ್ಳಿಗಳ ಬೇಸಾಯ ಹೀಗೆಯೇ ಇತ್ತು.

ಈ ಊರಿನ ಹೆಸರು 1086ರ ಡೂಮ್ಸ್‌ಡೇ ಎಂಬ ಭೂದಾಖಲೆಯಲ್ಲೇ ಇದೆ. ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು 1635ರಲ್ಲಿ ಮಾರ್ಕ್ ಪಿಯರ್ಸ್ ಎಂಬ ಮೋಜಣಿದಾರ ಬರೆದ ನಕ್ಷೆ. ಅದು ಈಗ ಆಕ್ಸ್‌ಫರ್ಡಿನ ಬಾಡ್ಲಿಯನ್ ಗ್ರಂಥಾಲಯದಲ್ಲಿದೆ. ಊರಿನ ಪ್ರತಿಯೊಂದು ಪಟ್ಟಿಯನ್ನೂ ಅದರಲ್ಲಿ ಗುರುತಿಸಲಾಗಿದೆ. ಅಷ್ಟಕ್ಕೇ ಬಿಡದೆ ಪಿಯರ್ಸ್ ಹೊಲಗಳ ಮೇಲೆ ಬೆರಳುಗುರಿನಷ್ಟು ಸಣ್ಣ ಮನುಷ್ಯರನ್ನೂ ಬರೆದಿದ್ದಾನೆ: ಒಬ್ಬ ನೇಗಿಲು ಹಿಡಿದಿದ್ದಾನೆ, ಕೆಲವರು ಕೊಯ್ಲು ಮಾಡುತ್ತಿದ್ದಾರೆ, ಇನ್ನು ಕೆಲವರು ಬೇಟೆಗೆ ಹೊರಟಿದ್ದಾರೆ. ಜಮೀನಿನ ಲೆಕ್ಕಕ್ಕಾಗಿ ಮಾಡಿಸಿದ ಕಾಗದದಲ್ಲಿ ದುಡಿಯುವವರಿಗೂ ಜಾಗ ಕೊಟ್ಟ ಆ ಮೋಜಣಿದಾರನ ಬಗ್ಗೆ ನನಗೆ ಬಹಳ ಗೌರವವಿದೆ.

ನಕ್ಷೆ ಮಾಡಿಸಿದವನು ಆಗಿನ ಜಮೀನ್ದಾರ, ಲಂಡನ್ನಿನ ದೊಡ್ಡ ವರ್ತಕ ಸರ್ ವಿಲಿಯಂ ಕೋರ್ಟನ್. ಕನ್ನಡಿಗರು ಈ ಹೆಸರನ್ನು ನೆನಪಿಟ್ಟುಕೊಳ್ಳಬೇಕು. ಅದೇ 1635ರಲ್ಲಿ ಈಸ್ಟ್ ಇಂಡಿಯಾ ಕಂಪನಿಗೆ ಎದುರಾಳಿಯಾಗಿ ವ್ಯಾಪಾರ ಮಾಡಲು ಇವನ ಕೂಟಕ್ಕೆ ದೊರೆ ಒಂದನೇ ಚಾರ್ಲ್ಸ್ ಅನುಮತಿ ಕೊಟ್ಟ. ಕೋರ್ಟನ್ ಮರುವರ್ಷವೇ ತೀರಿಕೊಂಡರೂ ಅವನ ಹಡಗುಗಳು ಕ್ಯಾಪ್ಟನ್ ವೆಡ್ಡೆಲ್‌ನ ನಾಯಕತ್ವದಲ್ಲಿ ನಮ್ಮ ಕರಾವಳಿಗೆ ಬಂದವು. 1637ರಲ್ಲಿ ಅವರು ಭಟ್ಕಳದಲ್ಲಿ ಮೆಣಸಿನ ವ್ಯಾಪಾರಕ್ಕೆ ಕೋಠಿ ತೆರೆದರು. ಅದಕ್ಕೆ ಒಪ್ಪಿಗೆ ಪಡೆಯಲು ಘಟ್ಟ ಹತ್ತಿ ಇಕ್ಕೇರಿಗೆ, ಕೆಳದಿಯ ವೀರಭದ್ರ ನಾಯಕನ ಬಳಿಗೆ ಹೋದವರಲ್ಲಿ ಪ್ರವಾಸಿ ಪೀಟರ್ ಮಂಡಿಯೂ ಇದ್ದ. ಮರುವರ್ಷ ಕಾರವಾರದಲ್ಲೂ ಕೋಠಿ ಬಂತು. ಆ ಸಾಹಸ ಕೈಹಿಡಿಯಲಿಲ್ಲ, ಮಗನ ಕಾಲಕ್ಕೆ ಕೋರ್ಟನ್ ಮನೆತನ ಸಾಲದಲ್ಲಿ ಮುಳುಗಿಹೋಯಿತು. ಲ್ಯಾಕ್ಸ್‌ಟನ್ ಪಿಯರ್‌ಪಾಂಟ್ ಮನೆತನದ ಕೈಗೆ ಹೋಯಿತು. ಮುಂದೆ ಅರ್ಲ್ ಮ್ಯಾನ್ವರ್ಸ್ ಎಂಬ ಬಿರುದು ಹೊತ್ತವರು ಇವರೇ. ನಾಟಿಂಗ್‌ಹ್ಯಾಮ್‌ಶೈರ್‌ನ ಗೋಧಿ ಹೊಲಗಳ ಒಡೆಯನ ಹಣ ಮಲೆನಾಡಿನ ಮೆಣಸಿನ ಬೆನ್ನು ಹತ್ತಿತ್ತು ಎನ್ನುವುದು ಎರಡೂ ಕಡೆಯ ಇತಿಹಾಸ ಓದುವವರು ಜೋಡಿಸಿ ನೋಡಬೇಕಾದ ಸಂಗತಿ.

ಉಳಿದ ಹಳ್ಳಿಗಳ ಬಯಲುಗಳು ಏನಾದವು ಎಂಬುದು ದುಃಖದ ಕಥೆ. 1604ರಿಂದ 1914ರವರೆಗೆ ಪಾರ್ಲಿಮೆಂಟು ಐದು ಸಾವಿರಕ್ಕೂ ಹೆಚ್ಚು ಕಾಯಿದೆಗಳನ್ನು ಮಾಡಿ, 68 ಲಕ್ಷ ಎಕರೆಗಳಷ್ಟು ಭೂಮಿಗೆ ಬೇಲಿ ಹಾಕಲು ಅನುಮತಿ ಕೊಟ್ಟಿತು. ಚದುರಿದ ಪಟ್ಟಿಗಳು ಒಂದುಗೂಡಿ ಇಳುವರಿ ಹೆಚ್ಚಿತು ಎಂಬ ವಾದದಲ್ಲಿ ಸತ್ಯಾಂಶವಿದೆ. ಆದರೆ ಊರಿನ ಹುಲ್ಲುಗಾವಲಿನಲ್ಲಿ ಒಂದು ಹಸು ಮೇಯಿಸಿಕೊಂಡು, ಸೌದೆ ಆರಿಸಿಕೊಂಡು ಬದುಕುತ್ತಿದ್ದ ಬಡವರಿಗೆ ಕಾಗದಪತ್ರವಿರಲಿಲ್ಲ, ಹಕ್ಕು ತೋರಿಸಲಾಗದವರಿಗೆ ಪಾಲೂ ಸಿಗಲಿಲ್ಲ. ಅವರಲ್ಲಿ ಎಷ್ಟೋ ಮಂದಿ ಕೂಲಿಗಳಾದರು ಅಥವಾ ಊರು ಬಿಟ್ಟರು. ಲ್ಯಾಕ್ಸ್‌ಟನ್ ಪೂರ್ತಿ ಬೇಲಿಯೊಳಗೆ ಹೋಗದಿರಲು ಯಾರ ದಯೆಯೂ ಕಾರಣವಲ್ಲ. ಆ ಊರಿನಲ್ಲಿ ಜಮೀನಿದ್ದ ಇಬ್ಬರು ದೊಡ್ಡ ಒಡೆಯರ ನಡುವೆ ಹೊಂದಾಣಿಕೆಯಾಗದೆ ಕೆಲಸ ಅರ್ಧಕ್ಕೇ ನಿಂತಿತು. ಹಿಂದೆ ಇದ್ದ ನಾಲ್ಕನೆಯ ಬಯಲು ಹೋಯಿತು, ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಸಣ್ಣ ಪಟ್ಟಿಗಳನ್ನು ಕೂಡಿಸಿ ದೊಡ್ಡದು ಮಾಡಲಾಯಿತು. ಆದರೂ ಮೂರು ಬಯಲುಗಳ ಪದ್ಧತಿ ಉಳಿಯಿತು.

ಪದ್ಧತಿಯನ್ನು ಉಳಿಸಿದ್ದು ಮಾತ್ರ ಆಕಸ್ಮಿಕವಲ್ಲ. ಅದಕ್ಕೆ ಪ್ರತಿವರ್ಷ ದುಡಿಯುವವರಿದ್ದಾರೆ. ನವೆಂಬರ್ ಕೊನೆಯ ವಾರದಲ್ಲಿ, ಹೊಸದಾಗಿ ಗೋಧಿ ಬಿತ್ತಿದ ಬಯಲಿಗೆ ಊರಿನ ಪಂಚರು ಹೊರಡುತ್ತಾರೆ. ಇಂಗ್ಲಿಷಿನಲ್ಲಿ ಅವರೇ ಜ್ಯೂರಿ, ಹಿಂದಿನ ವರ್ಷದ ಸಭೆಯಲ್ಲಿ ಪ್ರಮಾಣವಚನ ಸ್ವೀಕರಿಸಿದವರು. ಟ್ರ್ಯಾಕ್ಟರಿನ ಟ್ರೈಲರ್ ಹತ್ತಿ, ಚಳಿಗೆ ದಪ್ಪ ಕೋಟು ತೊಟ್ಟು, ಕೆಸರಿನಲ್ಲಿ ಬೂಟು ಹೂತುಕೊಳ್ಳುತ್ತ ಪಟ್ಟಿಯಿಂದ ಪಟ್ಟಿಗೆ ಹೋಗಿ ಗಡಿ ನೋಡುತ್ತಾರೆ. ಯಾರಾದರೂ ಉಳುವಾಗ ಬಂಡಿದಾರಿಯನ್ನೋ, ‘ಸೈಕ್’ ಎಂದು ಕರೆಯುವ ಸಾಮುದಾಯಿಕ ಹುಲ್ಲುತಗ್ಗನ್ನೋ ಒಂದಡಿಯಾದರೂ ಒಳಗೆ ಸೇರಿಸಿಕೊಂಡಿದ್ದರೆ ಅಲ್ಲಿಯೇ ಸರಿಯಾದ ಗಡಿಗೆ ಗೂಟ ಹೊಡೆಯುತ್ತಾರೆ. ಒತ್ತುವರಿ ಮಾಡಿದವನೂ ಆ ಗುಂಪಿನಲ್ಲೇ ಇರಬಹುದು. ಅವನ ಎದುರಿಗೇ ಗೂಟ ನೆಲಕ್ಕಿಳಿಯುತ್ತದೆ. ನಂತರ ಡವ್‌ಕೋಟ್ ಇನ್ನಿನಲ್ಲಿ ಊಟ, ಊಟದ ಮೇಜಿನಲ್ಲೇ ತಪ್ಪುಗಳ ಪಟ್ಟಿ, ಯಾರಿಗೆ ಎಷ್ಟು ದಂಡವೆಂಬ ಚರ್ಚೆ. ಒಂದು ವಾರದ ನಂತರ ಅದೇ ಪಬ್ಬಿನಲ್ಲಿ ಕೋರ್ಟ್ ಲೀಟ್ ಎಂಬ ನ್ಯಾಯಸಭೆ ಸೇರಿ ದಂಡವನ್ನು ಸ್ಥಿರಪಡಿಸುತ್ತದೆ, ಮುಂದಿನ ವರ್ಷದ ಪಂಚರನ್ನು ನೇಮಿಸುತ್ತದೆ. ದಂಡದ ಮೊತ್ತ ಸಣ್ಣದು. ಆದರೆ ನೆರೆಹೊರೆಯವರ ಮುಂದೆ ಹೆಸರು ಓದಿಸಿಕೊಳ್ಳುವುದು ಯಾರಿಗೂ ಸಣ್ಣದಲ್ಲ.

ಇದು ಸಂಪ್ರದಾಯಕ್ಕಾಗಿ ಆಡುವ ನಾಟಕವೆಂದು ಭಾವಿಸುವವರು ಒಂದು ಮಾತನ್ನು ತಿಳಿದಿರಬೇಕು. 1977ರ ನ್ಯಾಯಾಡಳಿತ ಕಾಯಿದೆಯು ದೇಶದಲ್ಲಿದ್ದ ಇಂಥ ಹಳೆಯ ನ್ಯಾಯಸಭೆಗಳ ಅಧಿಕಾರವನ್ನು ತೆಗೆದುಹಾಕಿದಾಗ, ಲ್ಯಾಕ್ಸ್‌ಟನ್ನಿನ ಸಭೆಯನ್ನು ಹೆಸರಿಸಿ ಹೊರಗಿಟ್ಟಿತು. ಅದರ ಅಧಿಕಾರ ಇಂದಿಗೂ ಕಾನೂನುಬದ್ಧವಾದದ್ದು. ಆ ಸೈಕ್‌ಗಳ ಹುಲ್ಲನ್ನು ಕೊಯ್ಯುವ ಹಕ್ಕು ಕೂಡ ಪ್ರತಿವರ್ಷ ಹರಾಜಾಗುತ್ತದೆ. ನೇಗಿಲು ತಾಗದ ಆ ತಗ್ಗುಗಳಲ್ಲಿ ಕಾಡುಹೂಗಳು ಹೇರಳವಾಗಿ ಉಳಿದಿರುವುದಕ್ಕೂ ಒತ್ತುವರಿಗೆ ಬೀಳುವ ಗೂಟಕ್ಕೂ ನೇರ ಸಂಬಂಧವಿದೆ.

ಅಮೆರಿಕದ ಪರಿಸರ ವಿಜ್ಞಾನಿ ಗ್ಯಾರೆಟ್ ಹಾರ್ಡಿನ್ 1968ರಲ್ಲಿ ಮಂಡಿಸಿದ ವಾದವೊಂದು ಇವತ್ತಿಗೂ ಚರ್ಚೆಗಳಲ್ಲಿ ಓಡಾಡುತ್ತಿದೆ. ಎಲ್ಲರಿಗೂ ಸೇರಿದ ಹುಲ್ಲುಗಾವಲನ್ನು ಪ್ರತಿಯೊಬ್ಬನೂ ತನ್ನ ಲಾಭಕ್ಕೆ ಬಳಸಿ ಕೊನೆಗೆ ಹಾಳುಮಾಡುತ್ತಾನೆ ಎಂಬುದು ಅದರ ತಿರುಳು. ಹಾರ್ಡಿನ್ ಕಲ್ಪಿಸಿಕೊಂಡ ಹುಲ್ಲುಗಾವಲಿನಲ್ಲಿ ಪಂಚರಿಲ್ಲ, ಗೂಟವಿಲ್ಲ, ನೆರೆಯವನ ಮುಂದೆ ತಲೆತಗ್ಗಿಸುವ ಭಯವಿಲ್ಲ. ನಿಜವಾದ ಹಳ್ಳಿಗಳಲ್ಲಿ ಅವೆಲ್ಲ ಇದ್ದವು. ಸಾಮುದಾಯಿಕ ಸಂಪನ್ಮೂಲವನ್ನು ಜನರೇ ನಿಯಮ ಮಾಡಿಕೊಂಡು ಕಾಪಾಡಬಲ್ಲರು ಎಂದು ಜಗತ್ತಿನ ಹಲವು ಕಡೆಯ ಉದಾಹರಣೆಗಳಿಂದ ತೋರಿಸಿದ ಎಲಿನಾರ್ ಆಸ್ಟ್ರಮ್ ಅವರಿಗೆ 2009ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಬಂತು. ಲ್ಯಾಕ್ಸ್‌ಟನ್ನಿನ ರೈತರು ಆ ಹೊತ್ತಿಗೆ ಎಷ್ಟೋ ತಲೆಮಾರುಗಳಿಂದ ಅದನ್ನೇ ಮಾಡಿಕೊಂಡು ಬಂದಿದ್ದರು.

ಹಾಗೆಂದು ಆ ಊರನ್ನು ಸಮಾನತೆಯ ನಾಡೆಂದು ಹೊಗಳಲು ನಾನು ಸಿದ್ಧನಿಲ್ಲ. ಅಲ್ಲಿನ ರೈತರಲ್ಲಿ ಬಹುತೇಕರು ಗೇಣಿದಾರರು. ಭೂಮಿ 1952ರಲ್ಲಿ ಅರ್ಲ್ ಮ್ಯಾನ್ವರ್ಸ್‌ನಿಂದ ಕೃಷಿ ಸಚಿವಾಲಯಕ್ಕೆ, 1981ರಲ್ಲಿ ರಾಜಸಿಂಹಾಸನದ ಹೆಸರಿನಲ್ಲಿರುವ ಆಸ್ತಿಗಳನ್ನು ನೋಡಿಕೊಳ್ಳುವ ಕ್ರೌನ್ ಎಸ್ಟೇಟಿಗೆ, ಇತ್ತೀಚೆಗೆ ಮತ್ತೆ ಪಿಯರ್‌ಪಾಂಟ್ ಮನೆತನದ ಥೋರ್ಸ್‌ಬಿ ಎಸ್ಟೇಟಿಗೆ ಹೋಗಿದೆ. ಅಲ್ಲಿಂದೀಚೆಗೆ ಬಿಡಿಬಿಡಿಯಾಗಿ ಮಾರಾಟವಾಗದೆ ಒಬ್ಬನೇ ಒಡೆಯನ ಕೈಯಲ್ಲಿ ಇದ್ದುದರಿಂದಲೇ ಬಯಲುಗಳು ಉಳಿದವು ಎಂಬುದನ್ನು ಒಪ್ಪಿಕೊಳ್ಳಲೇಬೇಕು. ಒಡೆಯನ ಮನಸ್ಸು ಬದಲಾದರೆ ಊರಿಗೆ ಅಪಾಯ ಎಂಬುದೂ ಅಷ್ಟೇ ನಿಜ.

ನನಗಿರುವ ಹೆಚ್ಚಿನ ಆತಂಕ ಬೇರೆಯದು. ಯಂತ್ರಗಳು ದೊಡ್ಡದಾದಂತೆ, ಬೇಸಾಯದ ಆದಾಯ ಕುಗ್ಗಿದಂತೆ ಅಲ್ಲಿಯೂ ಬಯಲು ಉಳುವವರ ಸಂಖ್ಯೆ ಇಳಿಯುತ್ತಿದೆ. ಇಬ್ಬರೋ ಮೂವರೋ ಎಲ್ಲ ಪಟ್ಟಿಗಳನ್ನೂ ಉಳುವ ದಿನ ಬಂದರೆ ಬಯಲು ನೋಡಲು ಹಾಗೆಯೇ ಇದ್ದೀತು. ಆದರೆ ಗಡಿ ಕಾಯಲು ಪಂಚರು ಎಲ್ಲಿಂದ ಬರಬೇಕು, ಯಾರ ವಿರುದ್ಧ ಯಾರು ಗೂಟ ಹೊಡೆಯಬೇಕು? ಆದ್ದರಿಂದ ಈ ಊರಿನ ರಕ್ಷಣೆಗೆಂದು ಹಣ ಕೊಡುವವರು, ಭೂಮಿಯ ಒಡೆತನ ಹೊತ್ತವರು ಮೊದಲು ಗಮನಿಸಬೇಕಾದದ್ದು ಖಾಲಿಯಾದ ಗೇಣಿ ಜಮೀನನ್ನು ಪಕ್ಕದ ದೊಡ್ಡ ರೈತನಿಗೆ ಸೇರಿಸದೆ, ಬೇಸಾಯ ಮಾಡಬಯಸುವ ಹೊಸ ಕುಟುಂಬಕ್ಕೆ ಕಟ್ಟಲಾಗುವ ಗೇಣಿಯಲ್ಲಿ ಕೊಡುವುದನ್ನು. ಮಾಹಿತಿ ಫಲಕ, ವಾಹನ ನಿಲ್ದಾಣಗಳೆಲ್ಲ ಅದರ ನಂತರ ಬರಲಿ.