ಮುಂದ ಏನಾತು?

ಧಾರವಾಡದ ನಮ್ಮ ಮನೆಯಲ್ಲಿ ಕಾಗಿ-ಗುಬ್ಬಿ ಕಥೆ ಎಷ್ಟು ಸಲ ನಡೆದಿದೆಯೋ ಲೆಕ್ಕವಿಲ್ಲ. ಕಾಗಿ ಮನಿ ಸಗಣಿದು, ಗುಬ್ಬಿ ಮನಿ ಕಲ್ಲಿಂದು. ಮಳಿ ಬಂತು, ಕಾಗಿ ಮನಿ ಹರದು ಹೋತು. ಮಗಳು ಸಣ್ಣವಳಿದ್ದಾಗ ಅಷ್ಟಕ್ಕೆ ಬಿಡುತ್ತಿರಲಿಲ್ಲ. "ಮುಂದ ಏನಾತು ಆಯಿ?" ಎಂದು ನಮ್ಮವ್ವನ ಸೆರಗು ಜಗ್ಗುತ್ತಿದ್ದಳು. ಅವ್ವ ಮರುದಿನ ಮುಂದುವರಿಸುತ್ತಿದ್ದಳು, ಆದರೆ ಮತ್ತೊಂದು ಮಳೆ ತರುತ್ತಿರಲಿಲ್ಲ. ಗುಬ್ಬಿಗೆ ಮರಿ ಹುಟ್ಟಿ ಮನೆ ಇಕ್ಕಟ್ಟಾಗಿರುತ್ತಿತ್ತು. ಒಂದು ರಾತ್ರಿಗೆಂದು ಬಂದ ಕಾಗಿ ಹೊರಡುವ ಮಾತೇ ಎತ್ತುತ್ತಿರಲಿಲ್ಲ. ಹಳೇ ಮಂದಿ, ಹೊಸ ತಾಪತ್ರಯ.

ಮಕ್ಕಳ ಸಿನಿಮಾದ ಎರಡನೇ ಭಾಗ ಗೆಲ್ಲುವ ಗುಟ್ಟೂ ಇದೇ ಇರಬೇಕು ಎಂದು ನನಗೆ ಹೊಳೆದದ್ದು 2024ರಲ್ಲಿ, ಚಿಗರಿ ಬಸ್ ಹತ್ತಿ ಹುಬ್ಬಳ್ಳಿಗೆ ಹೋಗಿ 'ಇನ್‌ಸೈಡ್ ಔಟ್ 2' ನೋಡಿದ ದಿನ. ಮೊದಲನೆಯದು ಬಂದದ್ದು 2015ರಲ್ಲಿ. ಆಗ ಮಗಳಿಗೆ ಆರು ವರ್ಷ, ಈಗ ಎಸ್ಸೆಸ್ಸೆಲ್ಸಿ. ತೆರೆಯ ಮೇಲಿನ ನಾಯಕಿ ರೈಲಿ ಮಾತ್ರ ಹನ್ನೊಂದರಿಂದ ಹದಿಮೂರಕ್ಕೆ ಬಂದಿದ್ದಳು, ಪುಣ್ಯವಂತೆ! ಭಾವನೆಗಳೇ ಪಾತ್ರಗಳಾಗಿ ಓಡಾಡುವ ಅವಳ ತಲೆಯೊಳಗೆ ಆತಂಕವೆಂಬ ಕಿತ್ತಳೆ ಬಣ್ಣದ ಪ್ರಾಣಿ, ಪತ್ರ-ಫೋನು ಏನೂ ಇಲ್ಲದೆ ಬರುವ ಬೀಗರ ಹಾಗೆ, ಗಂಟುಮೂಟೆ ಸಮೇತ ಬಂದಿಳಿಯಿತು. ಪಾಪ್‌ಕಾರ್ನ್ ಡಬ್ಬಿಯೊಳಗಿದ್ದ ಮಗಳ ಕೈ ಅಲ್ಲೇ ನಿಂತಿತು. ಅವಳ ಟ್ಯೂಷನ್ ವೇಳಾಪಟ್ಟಿ ಬಲ್ಲ ನಾನು ಆ ಕಡೆ ನೋಡಲಿಲ್ಲ.

ಇದಕ್ಕೆ ಪಾತ್ರಗಳಿಗೆ ವಯಸ್ಸಾಗಲೇಬೇಕೆಂದಿಲ್ಲ. ಸೂಪರ್‌ಹೀರೊ ಕುಟುಂಬದ ಕಥೆಯಾದ 'ದಿ ಇನ್‌ಕ್ರೆಡಿಬಲ್ಸ್' ಎರಡನೇ ಭಾಗ 14 ವರ್ಷ ಕಾಯಿಸಿ, 2018ರಲ್ಲಿ ಮೊದಲ ಭಾಗ ನಿಂತ ಗಳಿಗೆಯಿಂದಲೇ ಎದ್ದಿತು. ಕೂಸು ಇನ್ನೂ ಕೂಸೇ. ಆದರೆ ಈ ಸಲ ತಾಯಿ ದುಡಿಯಲು ಹೋದಳು, ತಂದೆ ಮನೆಯಲ್ಲುಳಿದ. ಊರು ಕಾಯ್ದ ಪೈಲ್ವಾನ ಮಗನ ಗಣಿತದ ಮುಂದೆ ಕೈಚೆಲ್ಲಿದ. ನಾನೂ ಆ ಗರಡಿಯವನೇ. 'ಟಾಯ್ ಸ್ಟೋರಿ'ಯವರದು ಇನ್ನೂ ದೊಡ್ಡ ಧೈರ್ಯ: 1995ರಲ್ಲಿ ಗೊಂಬೆ ಆಡಿಸಿದ ಆಂಡಿಯನ್ನು 2010ರ ಮೂರನೇ ಭಾಗದಲ್ಲಿ ಕಾಲೇಜಿಗೆ ಕಳಿಸಿದರು. ಆಂಡಿಗೆ ದನಿ ಕೊಟ್ಟವನೂ ಮೊದಲ ಭಾಗದ ಹುಡುಗನೇ, ಅವನೂ ದೊಡ್ಡವನಾಗಿದ್ದ. ಗೊಂಬೆಗಳನ್ನು ಬೇರೆ ಮಗುವಿಗೆ ಒಪ್ಪಿಸುವಾಗ ಆಂಡಿಯ ಕೈ ಒಂದು ಗಳಿಗೆ ಹಿಂದೆ ಸರಿಯುತ್ತದಲ್ಲ, ಅಲ್ಲಿ ನಾನು ಕನ್ನಡಕ ಒರೆಸಿಕೊಂಡೆ.

'ಕಾರ್ಸ್ 2' ನನಗೆ ರುಚಿಸಲಿಲ್ಲ. ಮೊದಲ ಭಾಗದಲ್ಲಿ ನಗಿಸಿದ ತುಕ್ಕು ಹಿಡಿದ ಗಾಡಿಯನ್ನೇ ನಾಯಕನ ಜಾಗಕ್ಕೆ ತಂದು, ಗೂಢಚಾರಿಕೆಗೆ ಹಚ್ಚಿದರು. ಉಪ್ಪಿನಕಾಯಿ ತಾಟಿನ ತುದಿಯಲ್ಲಿದ್ದರೆ ಚೆಂದ. ಅದನ್ನೇ ರೊಟ್ಟಿಯಷ್ಟು ಬಡಿಸಿದರೆ ನಾಲಿಗೆ ಏನು ಮಾಡಬೇಕು?

ರಾತ್ರಿ ಮನೆಗೆ ಬಂದಾಗ ಅವ್ವ ಎಚ್ಚರವಿದ್ದಳು. ಮಗಳು ಪಕ್ಕದಲ್ಲಿ ಕುಳಿತು ಕಥೆಯನ್ನೆಲ್ಲ ಹೇಳಿದಳು. ಅವ್ವ ನಡುವೆಯೇ ತಡೆದಳು.

"ಪಾಪ, ಗಂಟು ಹೊತಗೊಂಡು ಬಂದದಂತ. ಹೊರಗ ಹಾಕಿದ್ರೇನ ಅದನ್ನ?"

"ಇಲ್ಲ ಆಯಿ. ಖುರ್ಚಿ ಕೊಟ್ಟು ಕೂಡ್ರಿಸಿ, ಚಹಾ ಕುಡಸ್ಯಾರ."

"ಹಂಗಾರ ಛಲೋ ಮಂದಿ," ಎಂದಳು ಅವ್ವ. "ಮುಂದ ಏನಾತು?"