ಸ್ಪಷ್ಟನೆ: ಮರದ ಅಡುಗೆ ಕಟ್ಟೆಗೆ ಕಡಲೆಕಾಯಿ ಎಣ್ಣೆ ಹಚ್ಚಬೇಡಿ

"ಮರದ ಅಡುಗೆ ಕಟ್ಟೆಗೆ ವಾರಕ್ಕೊಮ್ಮೆ ಕಡಲೆಕಾಯಿ ಎಣ್ಣೆ ಸವರಿ, ಹೊಸದರಂತೆ ಹೊಳೆಯುತ್ತದೆ" ಎಂಬ ವಾಟ್ಸಾಪ್ ಸಂದೇಶ ಹರಿದಾಡುತ್ತಿದೆ. ಸಲಹೆ ತಪ್ಪು, ದಯವಿಟ್ಟು ಮುಂದೆ ಕಳಿಸಬೇಡಿ. ಹೊಳಪೇನೋ ಬರುತ್ತದೆ, ನಿಲ್ಲುವುದಿಲ್ಲ. ಈ ಎಣ್ಣೆ ಗಾಳಿಗೆ ಒಣಗಿ ಗಟ್ಟಿಯಾಗುವ ಜಾತಿಯದಲ್ಲ. ಮರದಲ್ಲೇ ಕೂತು ಅಂಟಂಟಾಗಿ, ಕಮಟು ವಾಸನೆ ಹೊಡೆಯುತ್ತದೆ.

ಒಣಗುವುದು ಅಗಸೆ ಎಣ್ಣೆ. ಶುದ್ಧವಾದದ್ದೇ ಬೇಕು, 'ಬಾಯಿಲ್ಡ್' ಎಂದು ಮಾರುವುದರಲ್ಲಿ ಸಾಮಾನ್ಯವಾಗಿ ಲೋಹದ ಡ್ರೈಯರ್ (ಬೇಗ ಒಣಗಿಸುವ ರಾಸಾಯನಿಕ) ಬೆರೆತಿರುತ್ತದೆ. ಮರದ ಎಳೆಯ ಗುಂಟ ತೆಳುವಾಗಿ ಸವರಿ, 20 ನಿಮಿಷ ಬಿಟ್ಟು, ಹೀರದೆ ಉಳಿದದ್ದನ್ನು ಪೂರ್ತಿ ಒರೆಸಿ. ಇನ್ನೊಂದು ಕೋಟ್ ಬೆರಳಿಗೆ ಅಂಟದಷ್ಟು ಒಣಗಿದ ಮೇಲೇ; ಅದಕ್ಕೆ ದಿನಗಳೇ ಹಿಡಿಯುತ್ತವೆ. ಒರೆಸಿದ ಬಟ್ಟೆಯನ್ನು ಮಾತ್ರ ಮುದ್ದೆ ಮಾಡಿ ಎಸೆಯಬೇಡಿ, ತಾನಾಗಿ ಕಾದು ಬೆಂಕಿ ಹತ್ತಬಹುದು. ಬಿಡಿಸಿ ಹೊರಗೆ ಒಣಹಾಕಿ.

ವಾರದ ಲೆಕ್ಕವೂ ಬೇಡ. ಕಟ್ಟೆಯ ಮೇಲೆ ನೀರು ಹನಿಹನಿಯಾಗಿ ನಿಲ್ಲದೆ ಇಂಗತೊಡಗಿದಾಗ ಮತ್ತೆ ಹಚ್ಚಿದರೆ ಸಾಕು.