ಹೊಳೆ ಆಚೆ

ಹರಿಹರದಲ್ಲಿ ತುಂಗಭದ್ರೆಯನ್ನು ಪೂರ್ತಿ ಹೆಸರು ಹಿಡಿದು ಕರೆಯುವವರು ಕಡಿಮೆ. ಹೊಳೆ ಅಂದರೆ ಸಾಕು. ಈಚೆ ದಡ ದಾವಣಗೆರೆ ಜಿಲ್ಲೆ, ಆಚೆ ದಡ ಹಾವೇರಿ ಜಿಲ್ಲೆಯ ರಾಣೇಬೆನ್ನೂರು ತಾಲೂಕು. ಗಡಿ ನೀರಿನೊಳಗಿದೆ. ಅದನ್ನು ಕಂಡವರು ಯಾರೂ ಇಲ್ಲ.

ಒಂದು ಕಾಲಕ್ಕೆ ಇದು ಭಾರಿ ಗಡಿ. ಈಚೆ ಮೈಸೂರು ಮಹಾರಾಜರ ಸೀಮೆ, ಆಚೆ ಮುಂಬೈ ಪ್ರಾಂತ. ಆಗಲೇ, 1868ರಲ್ಲಿ, ಇಲ್ಲಿ ಸೇತುವೆ ಎದ್ದಿತ್ತು. 1956ರಲ್ಲಿ ಎರಡೂ ದಡ ಒಂದೇ ರಾಜ್ಯಕ್ಕೆ ಸೇರಿದವು. ಪಾಪ, ಹೊಳೆಗೆ ಹಿಂಬಡ್ತಿ! ಚಿತ್ರದುರ್ಗ, ಧಾರವಾಡ ಜಿಲ್ಲೆಗಳ ನಡುವಿನ ಗೆರೆಯಾಯಿತು ಅಷ್ಟೇ. 1997ರಲ್ಲಿ ಆ ಜಿಲ್ಲೆಗಳೂ ಒಡೆದು ದಾವಣಗೆರೆ, ಹಾವೇರಿ ಹುಟ್ಟಿದವು. ಹೊಳೆ ದಂಡೆಯಲ್ಲಿ ಬಟ್ಟೆ ಒಗೆಯುವವರು ಮಾತ್ರ ತಮ್ಮ ಕಲ್ಲು ಬದಲಿಸಿದಂತಿಲ್ಲ.

ಹರಿಹರ ಪಾಲಿಫೈಬರ್ಸ್ ಕಾರ್ಖಾನೆಯನ್ನೇ ನೋಡಿ. ಹೆಸರು ನಮ್ಮೂರಿನದು, ಇರುವುದು ಆಚೆ ದಡದ ಕುಮಾರಪಟ್ಟಣದಲ್ಲಿ. ಟಿಫಿನ್ ಡಬ್ಬಿ ಹಿಡಿದು ಜಿಲ್ಲೆ ದಾಟಿ ಡ್ಯೂಟಿಗೆ ಹೋಗುತ್ತಾರೆ, ಶಿಫ್ಟ್ ಮುಗಿಸಿ ಜಿಲ್ಲೆ ದಾಟಿ ಊಟಕ್ಕೆ ಬರುತ್ತಾರೆ. ಹೆಣ್ಣು ಕೊಡುವುದು, ತರುವುದೂ ಹಾಗೇ. ಹರಿಯೂ ಹರನೂ ಒಂದೇ ಮೈಯಲ್ಲಿ ಅರ್ಧರ್ಧ ನಿಂತ ಊರು ಇದು. ಹರಿಹರೇಶ್ವರನದು 1224ರಲ್ಲಿ ಹೊಯ್ಸಳರ ಪೋಲಾಳ್ವ ದಂಡನಾಯಕ ಕಟ್ಟಿಸಿದ ಗುಡಿ. ಇಲ್ಲಿ ಪಾಲು ಮಾಡುವುದು ಹೊಸದೇನಲ್ಲ ಬಿಡಿ.

ಹಾಗಂತ ಗಡಿಯೇ ಇಲ್ಲ ಅನ್ನುವಂತಿಲ್ಲ. ಚುನಾವಣೆ ಬಂದರೆ ಅದು ಚೆಕ್‌ಪೋಸ್ಟ್ ಆಗಿ ಎದ್ದು ನಿಲ್ಲುತ್ತದೆ. ಸಂತೆಗೆ ಹೊರಟವನ ಚೀಲದಲ್ಲಿ ಮೆಣಸಿನಕಾಯಿ ಇದೆಯೋ ನೋಟಿನ ಕಟ್ಟು ಇದೆಯೋ ಅಂತ ಕೈಹಾಕಿ ನೋಡುತ್ತಾರೆ.

ಅದಕ್ಕಿಂತ ಮಜಾ ಮಳೆಗಾಲದಲ್ಲಿ. ಮಲೆನಾಡಿನಲ್ಲಿ ಜೋರು ಹೊಡೆದರೆ ಇಲ್ಲಿ ಒಂದು ಹನಿ ಬೀಳದಿದ್ದರೂ ಹೊಳೆ ಕೆಂಪಾಗಿ ಏರುತ್ತದೆ. ಜನ ಸೇತುವೆ ಮೇಲೆ ಸೇರಿ, ನಿನ್ನೆ ಕಂಡ ಮೆಟ್ಟಿಲು ಇವತ್ತು ಕಾಣುತ್ತಾ ಅಂತ ಬಗ್ಗಿ ನೋಡುತ್ತಾರೆ. ಆಮೇಲೆ ಮೋಡ ಇಲ್ಲಿಗೂ ಬರುತ್ತದೆ. ಎರಡು ದಡಕ್ಕೂ ಒಂದೇ ಮೋಡ, ಒಂದೇ ಮಳೆ. ಶಾಲೆಗೆ ರಜೆ ಕೊಡುವ ಜಿಲ್ಲಾಧಿಕಾರಿ ಮಾತ್ರ ಇಬ್ಬರು. ಬೆಳಿಗ್ಗೆ ಆಚೆ ದಡದ ರಜೆಯ ಸುದ್ದಿ ವಾಟ್ಸಾಪಿನಲ್ಲಿ ಈಜಿಕೊಂಡು ಬಂದರೆ ಈಚೆ ಮನೆಗಳಲ್ಲಿ ರಂಪ ಶುರು.

“ಅಮ್ಮಾ, ಮಾವನ ಊರಲ್ಲಿ ರಜೆ ಅಂತೆ. ಮಳೆ ಇಲ್ಲೇ ಜಾಸ್ತಿ ಅಲ್ವಾ?”

“ನಿಮ್ಮ ಮಾವನ ಡಿಸಿ ಬೇರೆ, ನಮ್ಮ ಡಿಸಿ ಬೇರೆ. ಸುಮ್ನೆ ಛತ್ರಿ ತಗೊಂಡು ನಡಿ.”